ಸೋಮಣ್ಣ ಮುಕಾದಮರ ಮೂರ್ತಿ

ಪಾರಿವಾಳ ಬಂದು ಕುಂತತಿ, ಸೀದಾ ಮೂರ್ತಿ ನೆತ್ತಿ ಮ್ಯಾಲೆ, ಹಳದಿ ಬಟ್ಟಿ ಹೊಚ್ಚ್ಯಾರ, ಒಳಗ ಎಂಎಲ್‌ಎ ಸಾಹೇಬ್ರ ಅಪ್ಪ ನಿಂತಾನ ಅಂತ ಆ ಹಕ್ಕಿಗೇನ್ ಗೊತ್ತು, ಅದಕ್ಕ ಕುಂದ್ರಾಕ ಒಂದು ಗುಡ್ಡ ಸಿಕ್ಕಂಗಾತು ಅಷ್ಟ — ಹುಶ್, ಹೋಗ, ಹೋಗವಲ್ದು — ನಾನು ಮೈಕಿನಾಗ ಎಲ್ಲಿತನ ಬಂದಿದ್ದೆ, ಹಾಂ, ಸಿಡ್ಲ, ನಮ್ಮ ಎಂಎಲ್‌ಎ ಅಮೃತಣ್ಣ ಹುಟ್ಟಿದ ದಿನ ಮೋಡಿಲ್ಲ ಮಳಿಯಿಲ್ಲ, ಆದರೂ ಸಿಡ್ಲ ಹೊಡೀತ್ರಿ, ಗುಡಿಸಲ ಮ್ಯಾಲಲ್ಲ, ಗುಡಿಸಲ ಕೆಡವಾಕ ಬಂದಿದ್ದ ಸಾವ್ಕಾರನ ಜೀಪಿನ ಮ್ಯಾಲೆ! ನಗಾಕತ್ತಾರ, ನಗ್ರಿ, ನಗೋತನ ಯಾರೂ ಕುರ್ಚಿ ಬಿಟ್ಟು ಏಳಂಗಿಲ್ಲ, ಇದ ನನ್ನ ಕೆಲಸ, ಲೀಡರ್ ಬರೋತನ ಮಂದೀನ ಹಿಡದಿಡೋದು, ಲೀಡರ್ ಯಾವತ್ತ ಟೈಮಿಗೆ ಬಂದಾರ, ಟೈಮಿಗೆ ಬಂದರ ಲೀಡರ್ ಹೆಂಗ ಆಗ್ತಾರ, ಅದಕ್ಕ ನಾ ಬೇಕು, ಸಾಯಿಕುಮಾರ, ನಾಕನೇತ್ತೆ ನಪಾಸು, ಬಾಯಿ ಮಾತ್ರ ಡಬಲ್ ಡಿಗ್ರಿ. ಕೆಳಗ ಸೂರಜ್ ನಿಂತಾನ, ಅಣ್ಣನ ಪಿಎ, ಕಿವಿಗೆ ಫೋನು, ಇನ್ನೊಂದ ಕೈಲೆ ಗಾಳಿಯಾಗ ರಬ್ಬರ ಎಳದಂಗ ಎಳ್ಯಾಕತ್ತಾನ, ಅಂದ್ರ ಅಣ್ಣನ ಗಾಡಿ ಬೇಗಂಪೇಟಿ ಫ್ಲೈಓವರ್ ಮ್ಯಾಲೆ ಸಿಕ್ಕೊಂಡತಿ, ಇನ್ನೂ ಎಳಿ ಸಾಯಿ, ಇನ್ನೂ ಎಳಿ. ಎಳೀತೀನಪಾ, ಬಾವ್ಯಾಗಿನ ಹಗ್ಗದಂಗ ಎಳೀತೀನಿ, ಆ ಜೀಪಿನ ನಾಕೂ ಗಾಲಿ ಬಿಚ್ಚಿ ಓಡಿದ್ವು ನೋಡ್ರಿ, ಒಂದು ಗಾಲಿ ಉಪ್ಪಲ್‌ದಾಗ ಸಿಕ್ತು, ಒಂದು ಇನ್ನೂ ಉಳ್ಳಾಕತ್ತತಿ — ಚಪ್ಪಾಳಿ, ಸೀಟಿ, ಬಿಸಲು, ಶಾಮಿಯಾನದ ಬಟ್ಟಿ ವಾಸನಿ, ಅತ್ತಕಡೆ ಬಿರಿಯಾನಿ ಡೇಗ್ಚಿ ಮುಚ್ಚಳ ತಗದ್ರು ಅಂತ ಕಾಣ್ತತಿ, ಉಪ್ಪಲ್ ಬಸ್ಸು ಈಗ ಬಂದ್ವು, ಹೆಣಮಕ್ಕಳು ಇಳದು ಬರಾಕತ್ತಾರ, ನಮ್ಮ ಬೀದರ್ ಕಡೆಯವರು, ಕಲಬುರ್ಗಿ ಕಡೆಯವರು, ಇಟ್ಟಂಗಿ ಹೊತ್ತು ಹೊತ್ತು ಕುತ್ತಿಗಿ ನೆಟ್ಟಗಾದವರು, ಸಭಾಕ್ಕ ಮಂದಿ ಕೂಡಿಸೋ ಕಮಲಾಕ್ಷಿ ಅಕ್ಕ ಮುಂದ ನಿಂತು ಬರ್ರಿ ಬರ್ರಿ ಇಲ್ಲಿ ನೆರಳೈತಿ ಅನ್ನಾಕತ್ತಾಳ, ಆಕಿ ಕೈಯಾಗ ಒಂದು ಮುದಕೀ ಕೈ, ಹಸರ ಸೀರಿ, ಆ ಹಸರ ಸೀರಿ ನಾನ ತಂದಿದ್ದು ಸುಲ್ತಾನ್ ಬಜಾರದಾಗ — ಅವ್ವ. ಅವ್ವ ಯಾಕ ಬಂದಳು. ಮನ್ಯಾಗ ಮಕ್ಕೊ ಅಂದಿದ್ದೆ, ಬಿಸಲ ಐತಿ, ಕಣ್ಣಿನ ಆಪರೇಶನ್ ಆಗೇತಿ, ಧೂಳ ಬೀಳ್ತತಿ ಅಂದಿದ್ದೆ, ಕಮಲಾಕ್ಷಿ ಅಕ್ಕಾ, ನಿನ್ನ ಬಾಯಾಗ ಮಣ್ಣು ಬೀಳ್ಲಿ, ಯಾರನ್ನಾರ ಕರಕೊಂಡು ಬಾ, ಹೈದರಾಬಾದ್ ಪೂರಾ ಐತಿ, ನಮ್ಮವ್ವನ್ನ ಯಾಕ ತಂದಿ! ಎರಡನೇ ಸಾಲಿನಾಗ ಕುಂತಳು, ಹೊಸಾ ಕಣ್ಣಿಂದ ನನ್ನ ನೋಡಿ ನಕ್ಕಳು, ಬಾಜೂದಾಕಿಗೆ ಏನೋ ಅಂದಳು, ಅಂವ ನನ್ನ ಮಗಾ ಅಂದಿರಬೇಕು, ಮತ್ತ ಕಣ್ಣ ಎತ್ತಿ ಆ ಹಳದಿ ಬಟ್ಟಿ ನೋಡಾಕತ್ತಾಳ.

ಇಳದು ಹೋಗಬೇಕು, ಅವ್ವಾ ಏಳು ಆಟೋ ತರ್ತೀನಿ ಅನ್ನಬೇಕು, ಹೆಂಗ ಇಳೀಲಿ, ಮೆಟ್ಟಲ ಇರೋದು ಒಂದ, ಅಲ್ಲಿ ಹಾರದ ಬುಟ್ಟಿ ಇಟ್ಟು ದಾರಿ ಬಂದ್ ಮಾಡ್ಯಾರ, ಮತ್ತ ನಾ ಬಾಯಿ ಮುಚ್ಚಿದ್ದ ತಡ ಮಂದಿ ಡೇಗ್ಚಿ ಕಡೆ ಹರೀತಾರ, ಖಾಲಿ ಕುರ್ಚಿಗೆ ಅಣ್ಣ ಬಂದು ನಮಸ್ಕಾರ ಮಾಡಬೇಕೇನು, ಸೂರಜ್ ಎಳ್ಯಾಕತ್ತಾನ, ಎಳಿ ಎಳಿ — ನಮ್ಮ ಅಮೃತಣ್ಣನ ಖಾನ್ದಾನ್ ಹೇಳ್ತೀನಿ ಕೇಳ್ರಿ ತಾಯಂದಿರಾ — ಬಾಯಿ ತಾನ ನಡ್ಯಾಕತ್ತತಿ, ಗಾಣದ ಎತ್ತಿಗೆ ಕಣ್ಣ ಕಟ್ಟಿದರೂ ನಡೀತತಿ ಹಂಗ. ಖರೇ ಖಾನ್ದಾನ್ ಯಾರ ಹೇಳಬೇಕು, ಅಣ್ಣನ ಅಪ್ಪ ಸೋಮಣ್ಣ, ಮುಕಾದಮ, ಬೀದರ್ ಕಡೆಯಿಂದ ಕೂಲಿ ಮಂದೀನ ಲಾರಿ ತುಂಬಿ ತಂದು ಬಿಲ್ಡಿಂಗ್ ಮ್ಯಾಲೆ ಹಚ್ಚಾಂವ, ತಾನು ಕೆಳಗ ಕುರ್ಚಿ ಹಾಕ್ಕೊಂಡು ಕುಂದ್ರಾಂವ, ಬುಲೆಟ್ಟು, ಕರೀ ಕನ್ನಡಕ, ಐದು ಬೆರಳಿಗೆ ಆರು ಉಂಗುರ, ಒಂದಿನಾ ಸಿಮೆಂಟ್ ಪುಟ್ಟಿ ಎತ್ತಿದಾಂವಲ್ಲ, ಎತ್ತಿದ್ದಂದ್ರ ಮಂದಿ ಮ್ಯಾಲೆ ಕೈ ಎತ್ತಿದ್ದ ಅಷ್ಟ. ಅಮೃತಣ್ಣ ಇಂಗ್ಲಿಷ್ ಸಾಲಿಗೆ ಹೋದ, ಗಣಪತಿ ಮಂಡಳಿ ಅಧ್ಯಕ್ಷ ಆದ, ಕಾರ್ಪೊರೇಟರ್‌ಗೆ ನಿಂತ, ಆವಾಗ ಲೇಬರ್ ಅಡ್ಡಾದಾಗ ಮುಂಜಾನೆ ಮಂದಿ ಕೂಡಿಸಿದ್ವಿ, ನಾ ಮೈಕ್ ಹಿಡದಿದ್ದೆ, ಗೋಡಿ ಕಟ್ಟೋ ಒಬ್ಬ ಗೌಂಡಿ ಎದ್ದು ಕೇಳಿದ, ಯಣ್ಣಾ ಇಂವ ಯಾರ ಮಗ? ಮುಕಾದಮ ಸೋಮಣ್ಣನ ಮಗ ಅಂದಿದ್ದರ ಅವತ್ತ ಅಲ್ಲಿ ಚಪ್ಪಲಿ ಮಳಿ, ಅಷ್ಟೂ ಮಂದಿ ಅಂವನ ಕೈಯಾಗ ಹಿಂಡಿಸಿಕೊಂಡವರು, ನನ್ನ ನಾಲಗಿ ನನ್ನ ಕೇಳಲೇ ಇಲ್ಲ ನೋಡು, ಯಾರ ಮಗ ಅಂತೀರಿ? ಸ್ಲ್ಯಾಬ್ ಹೊತ್ತವನ ಮಗ ಅಂದಬಿಟ್ಟೆ! ಸೆಂಟ್ರಿಂಗ್ ಮುರದು ಹಸೀ ಸ್ಲ್ಯಾಬ್ ಬೀಳಾಕತ್ತಾಗ ಹೆಗಲ ಕೊಟ್ಟು ನಿಂತ, ಕೆಳಗಿನ ಮಂದಿ ಎಲ್ಲಾ ಹೊರಗ ಬರೋತನ ನಿಂತ, ಒಂದ ಕೈಲೆ ಸ್ಲ್ಯಾಬು, ಇನ್ನೊಂದ ಕೈಲೆ ಬೀಡಿ ಕೇಳಿದ, ಅಂಥವನ ಮಗ! ಆ ಗೌಂಡಿ ಟವೆಲ್‌ಲೆ ಕಣ್ಣ ಒರಸಿಕೊಂಡ. ಹಿಂದ ತಿರಗಿ ನೋಡ್ತೀನಿ, ಅಮೃತಣ್ಣ ಬಂದು ನಿಂತಾನ, ಅಂವನೂ ಅಳಾಕತ್ತಾನ, ಖರೇ ಅಳು, ಉಂಗುರದ ಅಪ್ಪನ್ನ ಬಿಟ್ಟು ಅಂಥಾ ಅಪ್ಪ ಸಿಕ್ಕರ ಯಾರ ಬ್ಯಾಡ ಅಂತಾರ. ಗೆದ್ದ. ಮುಂದ ಹೆಗಲ ಮ್ಯಾಲಿನ ಪಕ್ಷದ ಖಂಡುವಾ ಬದಲಿ ಆತು, ಮತ್ತ ಬದಲಿ ಆತು, ಹಳೇ ಪಕ್ಷದ ಖಂಡುವಾ ಎಲ್ಲಾ ನಮ್ಮವ್ವ ಹೊಲದು ದಿಂಬಿನ ಗವಸಣಿಗಿ ಮಾಡ್ಯಾಳ, ನಮ್ಮ ಮನ್ಯಾಗ ನಾವು ಎಲ್ಲಾ ಪಕ್ಷದ ಮ್ಯಾಲೆ ತಲಿ ಇಟ್ಟು ಮಕ್ಕೋತೀವಿ, ಎಂಎಲ್‌ಎ ಟಿಕೆಟ್ ಬಂತು, ಎಂಎಲ್‌ಎ ಆದ, ಪಕ್ಷ ಬದಲಾತು ಬಣ್ಣ ಬದಲಾತು, ಅಪ್ಪ ಮಾತ್ರ ಬದಲಾಗಲಿಲ್ಲ, ನಾ ಕೊಟ್ಟ ಅಪ್ಪನ ಉಳದ, ಸೋಮಣ್ಣ ಸತ್ತ, ಅಂವನ್ನ ಕಂಡ ಹಳೇ ಮಂದಿ ಊರಿಗೆ ಹೋದ್ರು, ಹೊಸಬರಿಗೆ ನನ್ನ ಕತಿನ ಖರೇ ಆತು. ಅಸೆಂಬ್ಲ್ಯಾಗೂ ಅಂದನಂತ, ನಮ್ಮ ತಂದಿ ಸ್ಲ್ಯಾಬ್ ಹೊತ್ತವರು ಅಂತ. ಕೆಟ್ಟಾಂವಲ್ಲ ಬಿಡು, ಅವ್ವನ ಕಣ್ಣ ಮಾಡಿಸ್ದ, ದವಾಖಾನಿಗೆ ತಾನ ಬಂದು ಹಣ್ಣ ಇಟ್ಟು ಹೋದ, ಅವ್ವ ಮಾರಿಗೆ ಪಟ್ಟಿ ಕಟ್ಟಿಸಿಕೊಂಡು ಮಕ್ಕೊಂಡಿದ್ದಳು, ಆ ಕಣ್ಣಿಂದನ ಆಕಿ ಈಗ ಪಿಳಿಪಿಳಿ ನೋಡಾಕತ್ತಾಳ ಹಳದಿ ಬಟ್ಟೀನ, ಬ್ಯಾಡ ಅವ್ವಾ, ನನ್ನ ಕಡೆ ನೋಡು, ಇಲ್ಲೆ ನೋಡು, ಸಾವ್ಕಾರನ ಜೀಪು ಇನ್ನೂ ಉರ್ಯಾಕತ್ತತಿ!

ಆಕಿ ನಗವಲ್ಲಳು. ಬಾಯಿ ತಾನ ಮೈಕಿನಾಗ ಸ್ಲ್ಯಾಬಿನ ಕತಿ ಹೇಳಿಬಿಟ್ಟಿತು, ಆಕಿ ಕಿವಿಗೆ ಬಿತ್ತಲ್ಲ, ಅದಕ್ಕ. ಆ ಸ್ಲ್ಯಾಬಿನ ಕತಿ ಆಕಿ ಮನಿದು. ಮಾಣಿಕಪ್ಪ, ನಮ್ಮಪ್ಪ, ಸೋಮಣ್ಣನ ಗ್ಯಾಂಗಿನಾಗ ಗೌಂಡಿ, ಸ್ಲ್ಯಾಬಿಗೆ ಹೆಗಲ ಕೊಟ್ಟಾಂವ ಅಂವ, ಅಂವ ಹೊತ್ತಿದ್ದು ಇಬ್ಬರು ಹೊರಗ ಬರೋವಷ್ಟ, ನನ್ನ ಬಾಯಾಗ ಇಬ್ಬರು ಹತ್ತು ಮಂದಿ ಆದ್ರು, ಹತ್ತು ಮಂದಿ ಊರಾತು. ಎಡಗೈ ಮುಂದ ಮ್ಯಾಲೆ ಏಳಲಿಲ್ಲ, ಕುಡದು ಬಿದ್ದ ಅಂತ ಅಂದು ಸೋಮಣ್ಣ ಬಿಡಿಸಿ ಕಳಿಸಿದ, ಅಪ್ಪ ಮನ್ಯಾಗ ಕುಂತು ನಗಿಸ್ತಿದ್ದ, ನನಗೇನಾಗಿಲ್ಲೋ ಸಾಯಾ, ಸ್ಲ್ಯಾಬಿಗೇ ಪೆಟ್ಟಾತು, ಪಾಪ ಅದು ಇನ್ನೂ ದವಾಖಾನ್ಯಾಗೈತಿ ಅಂತಿದ್ದ, ಅವ್ವ ಎಣ್ಣಿ ತಿಕ್ಕೋತ ಸುಮ್ನಿರ್ರಿ ಅಂತಿದ್ದಳು, ಅಂವನ ಬಾಯಿನ ನನಗ ಬಂದೈತಿ, ಬ್ಯಾರೆ ಏನ್ ಬಿಟ್ಟು ಹೋದ, ಒಂದು ಫೋಟೋ ಸೈತ ಇಲ್ಲ, ಅವ್ವ ದೇವರ ಗೂಡಿನಾಗ ಅಪ್ಪನ ಕರಣಿ ಇಟ್ಟಾಳ, ಸಿಮೆಂಟ್ ಬಳಿಯೋ ಕರಣಿ, ಅದಕ್ಕ ಕುಂಕುಮ ಹಚ್ಚತಾಳ. ಇಷ್ಟ ಆಗಿದ್ದರ ನಾ ದಾಟಿಸ್ತಿದ್ದೆ, ಅವ್ವಾ ಅದು ಬರೇ ಕತಿ, ಹೊಟ್ಟಿಪಾಡು ಅಂತ ಅಂದು ಕಾಲ ಹಿಡೀತಿದ್ದೆ, ಮೂರ್ತಿ ಬಂತಲ್ಲ ನಡಬರಕ. ಅಣ್ಣಗ ಅಪ್ಪನ ಮೂರ್ತಿ ಬೇಕಾತು, ಮೂರ್ತಿ ಮಾಡಾಂವ ಫೋಟೋ ಕೇಳಿದ, ಸೋಮಣ್ಣಂದು ಬುಲೆಟ್ ಮ್ಯಾಲಿನ ಫೋಟೋ ಕೊಟ್ವಿ, ಅಣ್ಣ ಅದನ್ನ ಭಾಳ ಹೊತ್ತು ನೋಡಿ, ಅಲ್ಲ ಸಾಯಿ, ಇದು ನಮ್ಮಪ್ಪನಂಗ ಕಾಣಂಗಿಲ್ಲಪಾ ಅಂದ! ಹಡದ ಅಪ್ಪನ ಫೋಟೋ ನೋಡಿ! ನೀ ಕತ್ಯಾಗ ಹೇಳ್ತೀಯಲ್ಲ, ಹಂಗ ಇರಬೇಕು, ನೀನ ಹೋಗಿ ಕುಂದ್ರು ಅಂದ. ಕುಂತೆ, ಆ ಶೆಡ್ಡಿನಾಗ, ಅಂವ ಮಣ್ಣ ಮೆತ್ತತಾನ, ಕೇಳ್ತಾನ, ಮೂಗು ಹೆಂಗ, ಸ್ವಲ್ಪ ಸೊಟ್ಟ, ಕಿವಿ, ದೊಡ್ಡವು, ಬೀಡಿ ಕಿವಿ ಹಿಂದ ಇಡತಿದ್ದ, ನಿಲ್ಲೋದು ಹೆಂಗ, ಎಡಗಡೆ ಜೋತು, ಎಡ ಹೆಗಲು ಕೆಳಗ, ನಗತಿದ್ದನೇನು, ನಗತಿದ್ದ, ಯಾವಾಗೂ, ಒಂದ ಕಡೆ ಬಾಯಿಲೆ — ಕತಿ ಹೇಳಿದಂಗ ಹೇಳ್ಕೋತ ಹೋದೆ, ಖುಷಿಯಿಂದ, ಮೈ ಮರತು, ನಾ ಯಾರನ್ನ ಹೇಳಾಕತ್ತೀನಿ ಅಂತ ನನಗ ಗೊತ್ತಾಗಲಿಲ್ಲ, ಸಾಕೇನು ನೋಡ್ರಿ ಅಂತ ಅಂವ ಬಾಜೂ ಸರದ, ನೋಡ್ತೀನಿ, ಅಪ್ಪ. ಅಪ್ಪ ನಿಂತಾನ. ಹಸೀ ಮಣ್ಣಿನಾಗ, ಈಗ ಮಾತಾಡ್ತಾನ ಅನ್ನೋವಂಗ. ಕೆಡಸು ಅನ್ನಾಕ ಬಾಯಿ ಬರಲಿಲ್ಲ, ಮತ್ತೊಮ್ಮೆ ಅಪ್ಪನ್ನ ಹೆಂಗ ಕೆಡವ್ಲಿ, ಅಷ್ಟರಾಗ ಅಣ್ಣ ಬಂದ, ನೋಡಿದ, ನನ್ನ ಅಪ್ಪಿಕೊಂಡ, ಹೌದಪಾ ಸಾಯಿ ಇವರ ನಮ್ಮಪ್ಪ ಅಂದ. ಎರಕ ಹೊಯ್ಸಿ ಬಂಗಾರದ ಬಣ್ಣ ಹೊಡಿಸಿದ, ಕೆಳಗ ಕಲ್ಲಿನ ಮ್ಯಾಲೆ ಸೋಮಣ್ಣ ಮುಕಾದಮ ಅಂತ ಕೊರಸಿದ.

ಪಟಾಕಿ. ಬಂದ್ರು. ಪಾರಿವಾಳ ಹಾರಿ ಹೋತು, ನನಗೂ ರೆಕ್ಕಿ ಇದ್ದಿದ್ದರ — ಹಲಗಿ, ಹೂವು, ಮೊಬೈಲ್, ಸೂರಜ್ ಸಾಕು ಸಾಕು ಅಂತ ಕೈ ಬೀಸಾಕತ್ತಾನ, ಈಗ ಸಾಕಂತ, ಈಗ ನಾ ನಿಲ್ಲಸಂಗಿಲ್ಲಲೇ, ಇನ್ನೂ ಕತಿ ಐತಿ, ಸಂಜಿತನ ಹೇಳ್ತೀನಿ, ಬಟ್ಟಿ ತಗೀಬ್ಯಾಡ್ರಿ, ಸೋಮಣ್ಣನವರು ಹುಲಿ ಜೋಡಿ ಚಾ ಕುಡದಿದ್ದು ಹೇಳಿಲ್ಲ, ಕೇಳ್ರಿ, ಹುಲಿಗೆ ಸಕ್ರಿ ಬ್ಯಾಡಂತ — ಯಾರೂ ಕೇಳವಲ್ರು, ಎಲ್ಲಾ ಎದ್ದು ನಿಂತಾರ, ಅಣ್ಣ ಬೆವರೊರಸಿಕೊಂತ ಬಂದು ನನ್ನ ಬೆನ್ನ ಚಪ್ಪರಿಸಿದ, ಭೇಷ್ ಹಿಡದಿ ಸಾಯಿ, ಘೋಷಣಿ ನೀನ ಹಾಕಬೇಕು, ಜೋರ ಹಾಕು, ಅಪ್ಪಗ ಮ್ಯಾಲೆ ಕೇಳಬೇಕು ಅಂದ. ಮೈಕ್ ಐತಿ ಕೈಯಾಗ, ಅವ್ವಾ ಕಣ್ಣ ಮುಚ್ಚಿಕೊ ಅನ್ನಬಹುದು, ಅನ್ನಂಗಿಲ್ಲ, ಸಾಯಂಕಾಲ ಡ್ರಾಪ್ ಹಾಕಬೇಕಲ್ಲ ಆ ಕಣ್ಣಿಗೆ, ನಾನ ಹಾಕಬೇಕು, ಆ ಕಣ್ಣು ನನ್ನ ನೆಟ್ಟಗ ನೋಡ್ತಾವ. ಅಣ್ಣ ಹಗ್ಗ ಹಿಡದ, ಎಳದ, ಬಟ್ಟಿ ಮೂಗಿಗೆ ಸಿಕ್ಕೊಂತು, ಆ ಸೊಟ್ಟ ಮೂಗಿಗೆ, ತಗೀಬ್ಯಾಡೋ ಅಪ್ಪಾ, ತಗೀಬ್ಯಾಡ, ಮತ್ತ ಎಳದ, ಜಾರ್ತು, ಹಳದಿ ಎಲ್ಲಾ ಕಾಲಾಗ ಬಿತ್ತು, ಬಿಸಲಾಗ ಅಪ್ಪ ಝಗ್ ಅಂದ, ಒಂದ ಕಡೆ ಬಾಯಿಲೆ ನಗಾಕತ್ತಾನ. ಚಪ್ಪಾಳಿ, ಸೀಟಿ, ಹೂವು, ನಾ ಮೂರ್ತಿ ನೋಡಲಿಲ್ಲ, ಎರಡನೇ ಸಾಲು ನೋಡಿದೆ, ಅವ್ವ ಎದ್ದಾಳ, ಕಮಲಾಕ್ಷಿ ಅಕ್ಕನ ಕೈ ಬಿಡಿಸಿಕೊಂಡಾಳ, ಎಲ್ಲಿಂದ ನೋಡ್ಯಾಳಂದ್ರ ಕಾಲಿಂದ, ಕಾಲು, ಜೋತ ಹೆಗಲು, ಕಿವಿ, ಮಾರಿ, ಅಲ್ಲಿಗೆ ಬಂದು ನಿಂತಳು, ಬಲಗೈ ಹಿಂದ ಹೋತು, ಸೆರಗ ಹುಡಿಕಿತು, ಹಿಡೀತು, ತಲಿ ಮ್ಯಾಲೆ ತಂತು. ಅಪ್ಪ ಕೆಲಸದಿಂದ ಬಂದು ಬಾಗಲಾಗ ನಿಂತಾಗ ಹಂಗ ಹೊಚ್ಕೋತಿದ್ದಳು, ಊರಿನ ರಿವಾಜು, ಗಂಡನ ಮುಂದ, ಅಂವ ಸತ್ತ ಮ್ಯಾಲೆ ಯಾರ ಮುಂದೂ ಹೊಚ್ಚಿಲ್ಲ, ದೇವರ ಮುಂದೂ, ಈಗ ಯಾರ ಮುಂದ ಹೊಚ್ಕೋಬೇಕು ಅಂತಿದ್ದಳು. ಹೊಚ್ಕೊಂಡು ನನ್ನ ಕಡೆ ತಿರಗಿದಳು, ಅಷ್ಟು ಗದ್ದಲದಾಗೂ ಆಕಿ ಸಣ್ಣ ದನಿ ಕೇಳಿಸ್ತು, ಸಾಯಾ, ಜಲ್ಮೆಲ್ಲಾ ಬಿಸಲಾಗ ನಿಂತಾರ ಅವರು, ಮತ್ತ ಬಿಸಲಾಗ ನಿಂದರಿಸೀಯೇನೋ? ಅಣ್ಣ ನನ್ನ ಕಿವ್ಯಾಗ, ನೋಡು ಸಾಯಿ, ನಮ್ಮಪ್ಪನ ಕಂಡು ಮುದಕಿ ಎಷ್ಟ ಮರ್ಯಾದಿ ಮಾಡಾಕತ್ತಾಳ, ಯಾರಾಕಿ, ಫೋಟೋ ತಗಸು, ಮೊದಲು ಘೋಷಣಿ, ಘೋಷಣಿ ಹಾಕಲೇ — ಮಂದಿ ಎಲ್ಲಾ ಕೈ ಎತ್ತಿ ನಿಂತಾರ, ಅಮರ್ ರಹೇ ಅನ್ನಾಕ ಬಾಯಿ ತಗದಾರ, ಅದಕ್ಕ ಮೊದಲ ಹೆಸರು ನಾ ಅನ್ನಬೇಕು, ಒಂದ ಹೆಸರು, ಮೈಕಿನಾಗ ನನ್ನ ಉಸರ ಕೇಳಾಕತ್ತತಿ, ಸೋಮಣ್ಣನ ಸೋ ಅನ್ನಾಕ ತುಟಿ ದುಂಡಗಾಗವಲ್ದು, ಮಾಣಿಕಪ್ಪನ ಮಾ ಅನ್ನಾಕ ಕೂಡವಲ್ದು, ಒಂದು ಸುಳ್ಳ ಬಾರೋ, ಯಾವದಾರ ಒಂದು, ಹುಲಿ, ಸಿಡ್ಲ, ಜೀಪು, ಬರವಲ್ದು, ಹಾಕಲೇ ಸಾಯಿ ಹಾಕಲೇ, ಅವ್ವನ ಕೈ, ಹಸರ ಸೆರಗು, ತಲಿ ಮ್ಯಾಲೆ, ಮತ್ತ ಜಾರ್ತತಿ, ಮತ್ತ ಎಳಕೋತಾಳ, ತಲಿ ಮ್ಯಾಲೆ, ಹಸರ ಸೆರಗು, ತಲಿ ಮ್ಯಾಲೆ —