ಎರಡನೇ ಹಾಳೆ

ಗುಳ್ಳೆ, ಒಂದು ಪುಟ್ಟ ಗಾಳಿಗುಳ್ಳೆ, ಕೋರ್ಟಿನ ಮೊಹರಿನ ಪಕ್ಕದಲ್ಲೇ, ಇಷ್ಟು ದಿನ ಕಣ್ಣಿಗೆ ಬಿದ್ದೇ ಇರಲಿಲ್ಲ, ಹೆಬ್ಬೆರಳಲ್ಲಿ ಒತ್ತಿದರೆ ಪಕ್ಕಕ್ಕೆ ಸರಿಯುತ್ತದೆ, ಹೋಗುವುದಿಲ್ಲ — ಲ್ಯಾಮಿನೇಷನ್ ಮೆಷಿನ್ ಅವತ್ತು ಇನ್ನೂ ಕಾದಿರಲಿಲ್ಲ, ನನಗೋ ಆತುರ, ಸ್ಟೇ ಬಂತು ಕಣೇ, ಬ್ಯಾಂಕಿನವರು ಇನ್ನು ನಮ್ಮ ಹೊಸಿಲು ತುಳಿಯೋ ಹಾಗಿಲ್ಲ ಅಂತ ಮೆಟ್ಟಿಲ ಬುಡದಿಂದಲೇ ಹೆಂಡತಿಗೆ ಕೂಗಿದ್ದೆ, ಕೆಳಗೆ ಜೆರಾಕ್ಸ್ ಅಂಗಡಿ, ಮೇಲೆ ಮನೆ, ಎರಡರ ಮೇಲೂ ಒಂದೇ ಸಾಲ, ಅವಳು ಬಳೆ ಬಿಚ್ಚಿ ಕೈಯಲ್ಲಿ ಹಿಡಿದೇ ಇಳಿದು ಬಂದಳು, ಇದನ್ನೂ ಅಣ್ಣ ಕೊಡ್ತೀನಿ ಅಂದಿದ್ದನ್ನೂ ಸೇರಿಸಿ ಒಂದಿಷ್ಟು ಕಟ್ಟಿಬಿಡೋಣಾ ರೀ, ನಾನು ನಕ್ಕೆ, ನಕ್ಕೆನಲ್ಲ, ಹಾಕ್ಕೊ ಹಾಕ್ಕೊ, ಕೋರ್ಟೇ ನಮ್ಮ ಕಡೆ ಇರುವಾಗ ನಿಮ್ಮಣ್ಣನ ಮುಂದೆ ಕೈ ಚಾಚೋ ಗತಿ ಬಂದಿಲ್ಲ, ಇನ್ನೊಂದು ಹಾಳೆ ಇದೆಯಲ್ಲ, ಅದರಲ್ಲೇನಿದೆ, ಅಂದಳು, ಅಯ್ಯೋ ಅದು ಮಾಮೂಲಿ ಬರವಣಿಗೆ ಬಿಡು — ಇಪ್ಪತ್ತೆರಡು ವರ್ಷದಿಂದ ಊರವರ ಕ್ರಯಪತ್ರ, ಮಾರ್ಕ್ಸ್ ಕಾರ್ಡು, ವಿಚ್ಛೇದನದ ಕಾಗದ ಎಲ್ಲ ಈ ಗಾಜಿನ ಮೇಲೆ ಮಲಗಿ ಎದ್ದಿವೆ, ಒಂದನ್ನೂ ಓದಿದವನಲ್ಲ, ಕಪ್ಪು ಸರಿಯಾಗಿ ಬಂತೇ, ಅಂಚು ಸೊಟ್ಟಗಿದೆಯೇ, ಅಷ್ಟೇ, ಬೇರೆಯವರ ಕಾಗದ ಓದಬಾರದು ಅನ್ನುವ ದೊಡ್ಡ ಮರ್ಯಾದಸ್ಥ, ನನ್ನದನ್ನೂ ಓದಲಿಲ್ಲ, ಮೊಹರಿದ್ದ ಮೊದಲ ಹಾಳೆಗೆ ಮಾತ್ರ ಪ್ಲಾಸ್ಟಿಕ್ ಹಾಕಿದೆ, ಹಿಂಬದಿ ಖಾಲಿ ಇರುವ ಹಾಳೆ ಕಂಡರೆ ಕೈ ತಾನಾಗಿಯೇ ರದ್ದಿ ಟ್ರೇಗೆ ಹಾಕುತ್ತದೆ, ಇಂಕು ಪರೀಕ್ಷೆಗೆ ಆಗುತ್ತೆ ಅಂತ.

ಇವತ್ತು ಬೆಳಿಗ್ಗೆ ಬ್ಯಾಂಕಿನ ವಸೂಲಿ ಅಧಿಕಾರಿಯ ಫೋನು, ಹತ್ತು ಗಂಟೆಗೆ ಬೀಗ ತಗೊಂಡು ಬರ್ತೀವಿ, ಸಾಮಾನು ತೆಗೆದಿಟ್ಟುಕೊಳ್ಳಿ, ನಾನು ಜೋರು ಮಾಡಿದೆ, ಸ್ಟೇ ಇದೆ ಸ್ವಾಮಿ, ಬಾಗಿಲಲ್ಲೇ ನೇತು ಹಾಕಿದೀನಿ, ಕಣ್ಣು ಬಿಟ್ಟು ಓದಿ, ಅವರು ಮೆಲ್ಲಗೆ, ಎರಡನೇ ಹಾಳೆ ನೀವು ಓದಿದೀರಾ ಸಾರ್ — ಟ್ರೇಯ ತಳದಲ್ಲಿತ್ತು, ಬೆನ್ನ ಮೇಲೆ ಯಾರದೋ ಫೋಟೋದ ಅರ್ಧ ಮುಖ, ಮುಂಬದಿಯಲ್ಲಿ, ಆರು ವಾರದೊಳಗೆ ಸಾಲದ ಕಾಲುಭಾಗ ಕಟ್ಟತಕ್ಕದ್ದು, ತಪ್ಪಿದಲ್ಲಿ ಈ ತಡೆಯಾಜ್ಞೆ ತಾನಾಗಿಯೇ ರದ್ದಾಗತಕ್ಕದ್ದು, ಆರು ವಾರ ಶುಕ್ರವಾರಕ್ಕೆ ಮುಗಿಯಿತು, ಇವತ್ತು ಸೋಮವಾರ, ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು, ವಕೀಲರಿಗೆ ಫೋನು ಮಾಡಿದರೆ ಅವರು, ಪೂರ್ತಿ ಓದ್ಕೊಳ್ಳಿ ಅಂತ ಬಡ್ಕೊಂಡೆನಲ್ರೀ, ಈಗ ಸಮಯ ಕೇಳಿ ಅರ್ಜಿ ಹಾಕ್ತೀನಿ, ಜಡ್ಜ್ ಕೂರೋದು ಹತ್ತೂವರೆಗೆ, ಅಲ್ಲೀವರೆಗೆ ಹೇಗಾದ್ರೂ ತಡೀರಿ, ಹೇಗೆ ತಡೆಯಲಿ, ಬಾಗಿಲಿಂದ ಬಿಚ್ಚಿ ತಂದ ಈ ಪ್ಲಾಸ್ಟಿಕ್ ಹಿಡಿದುಕೊಂಡೇ, ಗಡಿಯಾರದಲ್ಲಿ ಹತ್ತಕ್ಕೆ ಐದು ನಿಮಿಷ — ಹೊರಗೆ ಜೀಪು ನಿಂತ ಸದ್ದು, ಒಂದು ಬಾಗಿಲು, ಇನ್ನೊಂದು ಬಾಗಿಲು, ಮೆಟ್ಟಿಲ ಮೇಲೆ ಅವಳ ಹೆಜ್ಜೆ, ಬಳೆಯ ಸದ್ದಿಲ್ಲ, ಬರಿಗೈ, ಬಳೆ ನಾಲ್ಕನ್ನೂ ಮೆಷಿನ್ ಮೇಲಿಟ್ಟು, ಈಗ ಕೊಟ್ರೆ ತಗೊಳ್ಳಲ್ವಾ ರೀ, ಒಂದು ಮಾತು ಕೇಳಿ ನೋಡಿ, ಬೈಯುವುದೂ ಇಲ್ಲ, ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ, ತಲೆ ಎತ್ತಲಾರೆ, ಒತ್ತುತ್ತಿದ್ದೇನೆ, ಸರಿಯಿತು, ಮತ್ತೆ ಒತ್ತಿದೆ, ಮೊಹರಿನ ಕೆಳಗೇ ಬಂದು ಕೂತಿತು, ಗುಳ್ಳೆ