ಜೋಗಪ್ಪನ ಕಣ್ಣಿಗೆ ಬರೆದ ನಂಬರು

ಕರಿಜಾಲಿಹಟ್ಟಿಯ ಧರ್ಮಾಸ್ಪತ್ರೆ ಎಂದರೆ ಎರಡು ಕೋಣೆ, ಒಂದು ಜಗಲಿ ಮತ್ತು ಪಾಲಣ್ಣ, ಅಷ್ಟೇ. ಚಳ್ಳಕೆರೆಯಿಂದ ಮೊಳಕಾಲ್ಮುರಿಗೆ ಹೋಗುವ ಗಾಡಿದಾರಿಯ ಪಕ್ಕದಲ್ಲಿ ಯಾರೋ ಪುಣ್ಯಾತ್ಮ ಹತ್ತಿ ಸಾಹುಕಾರ ಅದನ್ನು ಕಟ್ಟಿಸಿದ್ದ. ಡಾಕ್ಟರು ತಿಂಗಳಿಗೊಮ್ಮೆ ಕುದುರೆಗಾಡಿಯಲ್ಲಿ ಬರುವರು, ಜಗಲಿಯ ಮೇಲೆ ಕೂತು ಮಜ್ಜಿಗೆ ಕುಡಿಯುವರು, ಪಾಲಣ್ಣ ಬರೆದಿಟ್ಟ ಪುಸ್ತಕಕ್ಕೆ ಸೈ ಹಾಕಿ ಬಿಸಿಲೇರುವ ಮೊದಲೇ ಹೊರಟುಬಿಡುವರು. ಉಳಿದ ಇಪ್ಪತ್ತೊಂಬತ್ತು ದಿನ ಕಾಂಪೌಂಡರ್ ಪಾಲಣ್ಣನೇ ಡಾಕ್ಟರು.

ಗಾಯ ತೊಳೆಯುವುದು, ಔಷಧಿ ಕಲೆಸುವುದು ಅವನ ಕೆಲಸ. ಹೆಮ್ಮೆ ಮಾತ್ರ ಆ ಪುಸ್ತಕದ ಮೇಲೆ. ಅದರ ಒಳರಟ್ಟಿಗೆ ಸರ್ಕಾರದವರು ಅಚ್ಚು ಹಾಕಿಸಿದ ರೋಗಗಳ ಪಟ್ಟಿ ಅಂಟಿಸಿತ್ತು. ಒಂದೊಂದು ರೋಗಕ್ಕೂ ಒಂದೊಂದು ನಂಬರು. ರೋಗಿಯ ಹೆಸರಿನ ಮುಂದೆ ರೋಗದ ಹೆಸರು ಬರೆಯುವ ಹಾಗಿಲ್ಲ, ನಂಬರೇ ಬರೆಯಬೇಕು. ಆ ಪಟ್ಟಿ ಪಾಲಣ್ಣನಿಗೆ ಮಗ್ಗಿಯಂತೆ ಬಾಯಿಪಾಠವಾಗಿತ್ತು. ಅರವತ್ನಾಲ್ಕು ಎಂದರೆ ಕಣ್ಣುರೆಪ್ಪೆಯ ಊತ. ಇಪ್ಪತ್ತಮೂರು ಎಂದರೆ ಕುಷ್ಠ.

ಈ ಎರಡು ನಂಬರುಗಳ ನಡುವೆ ಅವನ ತಂಗಿ ದುರುಗಕ್ಕನ ಬದುಕು ಸಿಕ್ಕಿಹಾಕಿಕೊಂಡಿತ್ತು.

ದುರುಗಕ್ಕನನ್ನು ಅದೇ ಊರಿನ ಗಾಡಿ ಹೊಡೆಯುವ ಜೋಗಪ್ಪನಿಗೆ ಕೊಟ್ಟಿದ್ದರು. ಒಂದು ಹೆಣ್ಣುಮಗುವಾದ ಮೇಲೆ ಅವಳ ರೆಪ್ಪೆಗಳು ಕೆಂಪಗೆ ಊದಿಕೊಂಡವು. ಬೆಳಿಗ್ಗೆ ಗೀಜು ಕಟ್ಟಿ ಕಣ್ಣು ಬಿಡಲಾಗುತ್ತಿರಲಿಲ್ಲ, ರೆಪ್ಪೆಯ ಕೂದಲು ಒಂದೊಂದಾಗಿ ಉದುರಿದವು. ಜೋಗಪ್ಪನಿಗೆ ಅಷ್ಟು ಸಾಕಾಯಿತು. "ರೆಪ್ಪೆಕೂದ್ಲು ಉದುರ್ತಾವೆ ಅಂದ್ರೆ ದೊಡ್ಡ ರೋಗ ಸುರುವಾದಂಗೆ" ಎಂದು ನಡುಬೀದಿಯಲ್ಲಿ ನಿಂತು ಕೂಗಾಡಿ, ಅವಳ ಸೀರೆ ಗಂಟನ್ನು ಹೊರಗೆಸೆದು, ಮಗಳು ಉಚ್ಚಂಗಿಯನ್ನು ಒಳಗಿಟ್ಟುಕೊಂಡು ಬಾಗಿಲು ಹಾಕಿಕೊಂಡ. ಆಗ ಮಗುವಿಗೆ ಮೂರೂವರೆ ವರ್ಷ.

ಕುಲದ ಹಿರಿಯ ತಿಪ್ಪಯ್ಯ ಹಳೆಯ ಕಟ್ಟಳೆಯನ್ನೇ ಹೇಳಿದ. ದೊಡ್ಡ ರೋಗದ, ಎಂದರೆ ಕುಷ್ಠದ, ಅನುಮಾನ ಬಂದವರನ್ನು ಮೂರು ಉಗಾದಿ ದೂರವಿಟ್ಟು ನೋಡಬೇಕು. ಕೈಕಾಲು ಬೆರಳು ನೆಟ್ಟಗಿದ್ದರೆ ಆಮೇಲೆ ಮಗುವನ್ನು ಮುಟ್ಟಬಹುದು. ದುರುಗಕ್ಕ ಅಣ್ಣನ ಮನೆ ಸೇರಿದಳು. ಜೋಗಪ್ಪನ ಮನೆ ಅಲ್ಲಿಂದ ನಾಲ್ಕೇ ಮನೆ ಆಚೆ. ಮಗಳು ಅಂಗಳದಲ್ಲಿ ಆಡುವುದನ್ನು ಅವಳು ದಿನವೂ ಕಟ್ಟೆಯ ಮೇಲೆ ಕೂತು ನೋಡುತ್ತಿದ್ದಳು. ಹತ್ತಿರ ಹೋಗುವಂತಿರಲಿಲ್ಲ.

ಪಾಲಣ್ಣ ದಿನವೂ ಬೆಳಿಗ್ಗೆ ನೀರು ಕಾಯಿಸಿ, ಹತ್ತಿಯನ್ನು ಅದರಲ್ಲಿ ಅದ್ದಿ ತಂಗಿಯ ರೆಪ್ಪೆಗಳ ಮೇಲಿಡುತ್ತಿದ್ದ. ಹೊಟ್ಟು ನೆನೆದ ಮೇಲೆ ಕೂದಲ ಬುಡದಿಂದ ಮೆಲ್ಲಗೆ ಒರೆಸಿ ತೆಗೆದು ಹಳದಿ ಮುಲಾಮು ಹಚ್ಚುತ್ತಿದ್ದ. ಹದಿನೈದು ದಿನ ವಾಸಿ, ಮತ್ತೆ ಹದಿನೈದು ದಿನ ಕೆಂಪು. ಆ ಕಾಯಿಲೆಯ ಗುಣವೇ ಹಾಗೆ. ಕೊಲ್ಲುವುದಿಲ್ಲ, ಬಿಡುವುದೂ ಇಲ್ಲ. ಒರೆಸುವಾಗಲೆಲ್ಲ ಪಾಲಣ್ಣ ಮನಸ್ಸಿನಲ್ಲೇ ಜೋಗಪ್ಪನ ಕುತ್ತಿಗೆ ಹಿಸುಕುತ್ತಿದ್ದ. ಅವನ ಎತ್ತು ಕುಂಟಾಗಲಿ, ಅಚ್ಚು ಮುರಿಯಲಿ, ಅವನು ಜನರ ಮುಂದೆ ಗೋಳೋ ಎಂದು ಅಳುವುದನ್ನು ನಾನು ನಿಂತು ನೋಡುವಂತಾಗಲಿ ಎಂದು ಹರಕೆ ಹೊತ್ತಿದ್ದ. ಹರಕೆಯಲ್ಲೂ ಅವನಿಗೆ ತಂಗಿಯ ಕಣ್ಣಿಗಿಂತ ಜೋಗಪ್ಪನ ಅಳುವೇ ಮುಂದೆ ಬರುತ್ತಿತ್ತು.

ಒಂದು ಉಗಾದಿ ಕಳೆಯಿತು. ಅಮ್ಮನನ್ನು ಕಂಡರೆ ಬಾಗಿಲ ಹಿಂದೆ ಅಡಗುವುದನ್ನು ಮಗು ಕಲಿತಿತ್ತು. ಇನ್ನು ತಡೆಯಲಾರದೆ ಪಾಲಣ್ಣ ತಿಪ್ಪಯ್ಯನ ಹತ್ತಿರ ಹೋದ.

"ಮಾವ, ಸರ್ಕಾರದ ಬುಕ್ಕಿನಾಗೆ ಅವ್ಳ ರೋಗದ ನಂಬರು ಐತೆ. ರೆಪ್ಪೆ ಊತ ಅಂತ. ಇಸ್ಕೂಲ್ ಮೇಷ್ಟ್ರ ಕೈಲಿ ಓದ್ಸಿ. ಸರ್ಕಾರದ ಮಾತು ನಂಬ್ತೀರೋ, ಗಾಡಿ ಹೊಡ್ಯೋನ ಮಾತು ನಂಬ್ತೀರೋ?"

ತಿಪ್ಪಯ್ಯ ಎರಡು ದಿನ ಯೋಚಿಸಿ ಒಪ್ಪಿದ. ಸೋಮವಾರ ಪಂಚಾಯಿತಿ. ಪುಸ್ತಕ ಸರಿಯಾಗಿದ್ದರೆ ಉಳಿದ ಎರಡು ಉಗಾದಿ ಮಾಫಿ, ಮಗು ತಾಯಿಯ ಮಡಿಲಿಗೆ.

ಗುರುವಾರ ಮಧ್ಯಾಹ್ನ ಜಗಲಿ ಖಾಲಿಯಾಗಿದ್ದ ಹೊತ್ತಿಗೆ, ತಲೆಗೆ ಟವಲು ಹೊದ್ದ ಒಬ್ಬ ಒಳಗೆ ನುಸುಳಿದ. ಟವಲು ಸರಿಸಿದರೆ ಜೋಗಪ್ಪ.

"ಭಾವ, ವಸಿ ಕಣ್ಣು ನೋಡು."

ಒಂದೂವರೆ ವರ್ಷದಿಂದ ಬಾಯಿಗೆ ಬಾರದಿದ್ದ ಭಾವ ಎಂಬ ಮಾತು ಆವತ್ತು ಬಂದಿತ್ತು. ಪಾಲಣ್ಣ ಅವನ ಗದ್ದ ಹಿಡಿದು ಬೆಳಕಿಗೆ ತಿರುಗಿಸಿದ. ಕೆಂಪು ರೆಪ್ಪೆ, ಬುಡದಲ್ಲಿ ಹೊಟ್ಟು, ಎಡಗಣ್ಣಿನಲ್ಲಿ ನಾಲ್ಕು ಕೂದಲಿನ ಜಾಗ ಬೋಳು. ಥೇಟ್ ದುರುಗಕ್ಕನದೇ. ಚಳ್ಳಕೆರೆ ದಾರಿಯ ಧೂಳು ತನ್ನ ಕೆಲಸ ಮಾಡಿತ್ತು. ಪಾಲಣ್ಣನ ಹೊಟ್ಟೆಯೊಳಗೆ ತಣ್ಣಗೆ ಹಾಲು ಹೊಯ್ದಂತಾಯಿತು.

"ಯಾರಿಗೂ ಹೇಳ್ಬೇಡ ಭಾವ. ಏನಾಗೈತೆ? ಭಯ ಇಲ್ಲ ತಾನೆ?"

"ಕೂತ್ಕೊ" ಎಂದ ಪಾಲಣ್ಣ.

ನೀರು ಕಾಯಿಸಿದ, ಹತ್ತಿ ಇಟ್ಟ, ಒರೆಸಿದ, ಮುಲಾಮು ಹಚ್ಚಿದ. ಕೈ ಕೆಲಸದಲ್ಲಿ ಮೋಸ ಮಾಡಲಿಲ್ಲ. ಆಮೇಲೆ ಪುಸ್ತಕ ತೆಗೆದು ಜೋಗಪ್ಪನ ಹೆಸರು ಬರೆದು ಲೇಖನಿಯನ್ನು ಮಸಿಗೆ ಅದ್ದಿದ. ಅರವತ್ನಾಲ್ಕು. ಬರೆಯಬೇಕಾದದ್ದು ಅದೇ. ಆದರೆ ಅದು ಎಷ್ಟು ಸಪ್ಪೆ! ಇದೇ ಕಣ್ಣಿಗೆ ಇವನು ಬೀದಿಯಲ್ಲಿ ಏನೆಂದು ಹೆಸರಿಟ್ಟಿದ್ದ? ಸೀರೆ ಗಂಟು ಧೂಳಿನಲ್ಲಿ ಬಿದ್ದದ್ದು, ಮಗು ಒಳಗಿನಿಂದ ಬಾಗಿಲು ಬಡಿದದ್ದು ಎಲ್ಲ ಕಣ್ಣ ಮುಂದೆ ಬಂತು. ತಂಗಿಗೆ ಕಟ್ಟಿದ ರೋಗ ಇವನ ಹೆಸರಿಗೇ ಬೀಳಲಿ, ಸರ್ಕಾರದ ಮಸಿಯಲ್ಲೇ ಬೀಳಲಿ. ಪಾಲಣ್ಣ ದುಂಡಗೆ, ಚಂದವಾಗಿ ಇಪ್ಪತ್ತಮೂರು ಎಂದು ಬರೆದು ಮಸಿ ಆರಲೆಂದು ಉಫ್ ಎಂದು ಊದಿದ.

"ಅದೇನು ಬರ್ದೆ ಭಾವ?"

"ಸರ್ಕಾರದ ನಂಬರು. ನಾಳೆ ಬಾ, ತೊಳೀತೀನಿ."

ಮುಂದಿನ ನಾಲ್ಕು ದಿನ ಪಾಲಣ್ಣನ ಕಾಲು ನೆಲದ ಮೇಲೆ ಇರಲಿಲ್ಲ. ಯಾರಿಗೂ ಹೇಳಲಿಲ್ಲ, ತಂಗಿಗೂ ಹೇಳಲಿಲ್ಲ. ವಿಚಿತ್ರವೆಂದರೆ ದುರುಗಕ್ಕನೂ ಖುಷಿಯಾಗಿದ್ದಳು. ತಲೆಗೆ ಎಣ್ಣೆ ಹಾಕಿಕೊಂಡಳು, ಹಸಿರು ಸೀರೆಯನ್ನು ಒಗೆದು ಒಣಹಾಕಿದಳು. ಪುಸ್ತಕದ ಮೇಲೆ ಅವಳಿಗೆ ಎಷ್ಟು ನಂಬಿಕೆ ಎಂದು ಪಾಲಣ್ಣ ಬೀಗಿದ.

ಸೋಮವಾರ ಬೇವಿನ ಮರದ ಕೆಳಗೆ ಊರೇ ಸೇರಿತ್ತು. ಶಾಲೆಯ ಮೇಷ್ಟ್ರು ಮುರುಗೇಂದ್ರಪ್ಪನವರು ಕನ್ನಡಕ ಹಾಕಿಕೊಂಡು ಪುಸ್ತಕ ತೆರೆದರು.

"ದುರುಗಕ್ಕ, ಅರವತ್ನಾಲ್ಕು" ಎಂದು ಓದಿ, ಒಳರಟ್ಟಿನ ಪಟ್ಟಿಯ ಮೇಲೆ ಬೆರಳಿಟ್ಟು ನೋಡಿ, "ರೆಪ್ಪೆಯ ಊತ. ಕುಷ್ಠ ಅಲ್ಲ" ಎಂದರು.

ಜನ ಗುಸುಗುಸು ಎಂದರು. ತಿಪ್ಪಯ್ಯ ತಲೆಯಾಡಿಸಿ ಬಾಯಿ ತೆರೆಯುವಷ್ಟರಲ್ಲಿ ಪಾಲಣ್ಣ ಎದ್ದು ನಿಂತ. ಸುಮ್ಮನೆ ಕೂತಿದ್ದರೆ ಅಲ್ಲಿಗೆ ಎಲ್ಲ ಮುಗಿಯುತ್ತಿತ್ತು. ಆದರೆ ನಾಲ್ಕು ದಿನದಿಂದ ಹೊಟ್ಟೆಯಲ್ಲಿಟ್ಟುಕೊಂಡ ಖುಷಿ ಅವನನ್ನು ಕೂರಲು ಬಿಡಲಿಲ್ಲ.

"ಮೇಷ್ಟ್ರೇ, ಗುರುವಾರದ ಹಾಳೆ ತಿರುವ್ರಿ. ಜೋಗಪ್ಪ ಅಂತ ಐತೆ, ಅದ್ನೂ ಓದ್ರಿ."

ಮೇಷ್ಟ್ರು ತಿರುವಿದರು. ಪಟ್ಟಿ ನೋಡಿದರು. ಮತ್ತೊಮ್ಮೆ ನೋಡಿದರು. "ಇಪ್ಪತ್ತಮೂರು... ಕುಷ್ಠ."

ಜೋಗಪ್ಪನ ಪಕ್ಕ ಕೂತಿದ್ದವರು ಅಂಡು ಎಳೆದುಕೊಂಡು ಮಾರುದೂರ ಸರಿದರು. ಪಾಲಣ್ಣನ ಎದೆ ಉಬ್ಬಿತು. ಒಂದೂವರೆ ವರ್ಷದ ಸಿಟ್ಟೆಲ್ಲ ಸಿಹಿಯಾಗಿ ಗಂಟಲಿಗೆ ಬಂತು.

ಜೋಗಪ್ಪ ಎದ್ದ. ಕಣ್ಣು ಮರೆಸಲು ತಲೆಗೆ ಹೊದ್ದಿದ್ದ ಟವಲು ಕಿತ್ತೆಸೆದು ತಿಪ್ಪಯ್ಯನ ಮುಂದೆ ಮುಖ ಒಡ್ಡಿದ. "ನೋಡು ಮಾವ, ನನ್ ಕಣ್ಣು ನೋಡು, ಅವ್ಳ ಕಣ್ಣೂ ನೋಡು. ಒಂದೇ ಥರ ಅವೆ. ನನಗೆ ದೊಡ್ಡ ರೋಗ ಆದ್ರೆ ಅವ್ಳಿಗೂ ಅದೇ ಅಲ್ವಾ? ತಂಗಿಗೊಂದು ನಂಬರು, ನನಗೊಂದು ನಂಬರಾ?"

ತಿಪ್ಪಯ್ಯ ದುರುಗಕ್ಕನನ್ನು ಹತ್ತಿರ ಕರೆದ. ಇಬ್ಬರ ರೆಪ್ಪೆಗಳನ್ನೂ ಬಿಸಿಲಿಗೆ ಹಿಡಿದು ನೋಡಿದ. ಸಿಟ್ಟು ಬಂದರೆ ಅವನ ಬಾಯಲ್ಲಿ ತೆಲುಗು ಬರುತ್ತಿತ್ತು.

"ಏಮಿರಾ ಪಾಲಣ್ಣ ಇದಿ? ಎರಡೂ ಒಂದೇ ಐತಲ್ಲೋ. ಯಾವ್ದು ದಿಟ?"

ಇಪ್ಪತ್ತಮೂರು ನಿಜವೆಂದರೆ ತಂಗಿಗೂ ಕುಷ್ಠ. ಸುಳ್ಳೆಂದರೆ ಪುಸ್ತಕವೇ ಸುಳ್ಳು. ಪಾಲಣ್ಣ ತಂಗಿಯ ಮುಖ ನೋಡಿದ. ಅವಳು ರೆಪ್ಪೆ ಅಲುಗಿಸದೆ ಅವನನ್ನೇ ನೋಡುತ್ತಿದ್ದಳು.

"ಜೋಗಪ್ಪಂದು ಸುಳ್ಳು, ಮಾವ. ಅವ್ನಿಗೂ ಬರೀ ರೆಪ್ಪೆ ಊತ. ಹೊಟ್ಟೆಕಿಚ್ಚಿಗೆ ಬರ್ದೆ."

"ಹಗೆಗೆ ಸುಳ್ಳು ಬರ್ದೋನು ತಂಗಿಗೆ ದಿಟ ಬರ್ದಿದ್ದೀಯ ಅಂತ ಹೆಂಗ್ಲಾ ನಂಬ್ಲಿ?"

ಚಳ್ಳಕೆರೆಯ ದೊಡ್ಡ ಡಾಕ್ಟರಿಗೆ ತೋರಿಸೋಣ, ನಮ್ಮ ಡಾಕ್ಟರು ಬರಲಿ ಎಂದು ಪಾಲಣ್ಣ ಕೈಮುಗಿದ. ತಿಪ್ಪಯ್ಯ ಕೈಯೆತ್ತಿ ತಡೆದ. "ಡಾಕ್ಟ್ರು ಸೈ ಹಾಕೋದು ನೀನು ಬರ್ದಿದ್ದಕ್ಕೆ ಅಂತ ಊರಿಗೆಲ್ಲ ಗೊತ್ತು. ಸರ್ಕಾರದ ನಂಬರಿನ ಸವಾಸ ಸಾಕು. ಇದು ಮಗೀನ ವಿಷ್ಯ."

ತೀರ್ಪು ಚಿಕ್ಕದಿತ್ತು. ಇಬ್ಬರ ಕಣ್ಣೂ ಒಂದೇ, ಇಬ್ಬರ ಮೇಲೂ ಅನುಮಾನ. ಆವತ್ತಿನಿಂದ ಹೊಸದಾಗಿ ಮೂರು ಉಗಾದಿ. ಅಲ್ಲಿಯತನಕ ತಾಯಿಯೂ ಮುಟ್ಟುವಂತಿಲ್ಲ, ತಂದೆಯೂ ಮುಟ್ಟುವಂತಿಲ್ಲ. ಮಗು ದೊಡ್ಡಉಳ್ಳಾರ್ತಿಯಲ್ಲಿರುವ ಜೋಗಪ್ಪನ ಅಕ್ಕನ ಮನೆಗೆ.

ಜೋಗಪ್ಪ ನೆಲಕ್ಕೆ ಕುಸಿದು ಗೋಳೋ ಎಂದು ಅತ್ತ. ಪಾಲಣ್ಣ ಹರಕೆ ಹೊತ್ತದ್ದು ಅದೇ ಅಳುವಿಗೆ, ಹಾಗೇ ಜನರ ಮುಂದೆ. ನಿಂತು ನೋಡಿದ. ಅದರಲ್ಲಿ ಏನೂ ರುಚಿ ಇರಲಿಲ್ಲ.

ಸಂಜೆಗೆ ಮುಂಚೆಯೇ ಗಾಡಿ ಹೂಡಿದರು. ಉಚ್ಚಂಗಿಯನ್ನು ಹುಲ್ಲಿನ ಮೇಲೆ ಕೂರಿಸಿ, ಪಂಚಾಯಿತಿಗೆಂದು ಬಂದಿದ್ದ ಜೋಗಪ್ಪನ ಅಕ್ಕ ಪಕ್ಕದಲ್ಲಿ ಕೂತಳು. ದುರುಗಕ್ಕ ಮನೆಯೊಳಗೆ ಹೋಗಿ ಗಂಟು ಕಟ್ಟಿಕೊಂಡು ಬಂದಳು.

"ನೀನೆಲ್ಲಿಗೆ ದುರುಗಿ?"

"ಉಳ್ಳಾರ್ತಿ ಕಾವಲಿನಾಗೆ ಹುಲ್ಲು ಕುಯ್ಯಾಕೆ ಆಳು ಬೇಕಂತೆ. ಅಲ್ಲಿಂದ ಆ ಮನೆ ಕಾಣ್ತದಂತೆ."

"ಕಣ್ಣಿಗೆ ಧೂಳು ಕಣೆ! ದಿನಾ ಯಾರು ತೊಳೀತಾರೆ?" ಅವನು ಒಳಗೆ ಓಡಿ ಮುಲಾಮಿನ ಡಬ್ಬಿ ತಂದು ಅವಳ ಕೈಗಿಡಲು ಹೋದ. ಅವಳು ಕೈ ಹಿಂದಕ್ಕೆಳೆದುಕೊಂಡಳು.

"ಅವ್ನ ಕಣ್ಣು ಹಂಗಾಗೈತೆ ಅಂತ ಬಾವಿಕಟ್ಟೆ ಹೆಂಗಸ್ರು ನನಗೆ ಬುಧವಾರನೇ ಹೇಳಿದ್ರು ಕಣಣ್ಣ. ಐದು ದಿನ ನಾನು ಹಬ್ಬ ಮಾಡ್ದೆ. ಪಂಚಾಯ್ತಿಯಾಗೆ ಅವ್ನ ಪಕ್ಕದಾಗೆ ನಿಂತ್ಕೊಂಡು, ನನ್ನ ಹೊರಗೆ ಹಾಕಿದ ರೋಗ ನಿನಗೂ ಬಂದೈತಲ್ಲೋ, ಈಗ ಹೇಳು, ಇದು ದೊಡ್ಡ ರೋಗನಾ ಅಂತ ಕೇಳ್ಬೇಕು ಅಂತಿದ್ದೆ. ಅವ್ನ ಬಾಯಿಂದ್ಲೇ ಅಲ್ಲ ಅನ್ಸಿ, ಮಗೀನ ಎತ್ಕೊಂಡು ಬರ್ಬೇಕು ಅಂತಿದ್ದೆ. ನೀನು ದಿಟ ಬರ್ದಿದ್ರೆ ಸಾಕಿತ್ತು." ಅವಳ ದನಿ ಏರಿತು. "ಅವ್ನು ಬೀದಿಯಾಗೆ ನಿಂತ್ಕೊಂಡು ನನಗೆ ರೋಗ ಕಟ್ಟಿದ. ನೀನು ಬುಕ್ಕಿನಾಗೆ ಕಟ್ದೆ. ಅವ್ನಿಗೆ ನಾನು ಕೊಟ್ಟ ಶಾಪ ಇನ್ಮೇಲೆ ನಿನಗೂ ಐತೆ."

ಗಾಡಿ ಹೊರಟಿತು. ಮಗುವಿಗೆ ಹೆದರಿಕೆಯಾಗದಷ್ಟು ದೂರ ಬಿಟ್ಟು ಅವಳು ಹಿಂದೆ ನಡೆದಳು. ಒಮ್ಮೆಯೂ ತಿರುಗಿ ನೋಡಲಿಲ್ಲ.

ಮಾರನೆಯ ಬೆಳಿಗ್ಗೆ ಪಾಲಣ್ಣ ಆಸ್ಪತ್ರೆಯ ಬಾಗಿಲು ತೆಗೆದಾಗ ಜಗಲಿಯ ಮೇಲೆ ಒಬ್ಬನೇ ಒಬ್ಬ ರೋಗಿ ಕೂತಿದ್ದ. ಗೀಜು ಕಟ್ಟಿ ಜೋಗಪ್ಪನ ಎರಡೂ ಕಣ್ಣು ಅಂಟಿಕೊಂಡಿದ್ದವು. ಪಾಲಣ್ಣ ನೀರು ಕಾಯಿಸಿ ತಂದು, ಹತ್ತಿ ಅದ್ದಿ, ತಂಗಿಯ ಕಣ್ಣು ತೊಳೆಯುತ್ತಿದ್ದ ಹೊತ್ತಿನಲ್ಲಿ ಅವನ ಕಣ್ಣು ತೊಳೆದ.