ಈಗ ಏಳ್ತಾನೆ, ನೋಡ್ತಿರು

ಚರ್ಚಿನ ಮೆಟ್ಟಿಲ ಕಬ್ಬಿಣದ ಕಂಬಿಯನ್ನು ಬರಿಗೈಯಲ್ಲಿ ಹಿಡಿದು ಐಲಿ ವೈನೋನ ದಾರಿಗೆ ಅಡ್ಡ ನಿಂತಳು.

"ನೀನು ಒಳಗೆ ಬರಬೇಡ."

"ಐಲಿ, ಶವದ ಪೆಟ್ಟಿಗೆ ಹೊರೋರಲ್ಲಿ ನಾನೂ ಒಬ್ಬ."

"ಆಗಿದ್ದೆ. ಬೌಲಿಂಗ್ ಹಾಲ್‌ಗೆ ಚೆಂಡು ಉರುಳಿಸೋಕೆ ಬರ್ತಿದ್ದವರು ಯಾರೂ ನನ್ನ ಗಂಡನ್ನ ಮುಟ್ಟೋದು ಬೇಡ. ಮುಟ್ಟಬೇಕಾದ ದಿವಸ ಮುಟ್ಟಲಿಲ್ಲ."

ವೈನೋ ಟೋಪಿ ತೆಗೆದ. ಹುಡುಗನಾಗಿದ್ದಾಗಿನಿಂದ ಅವಳ ಗಂಡ ಆರ್ವೋನ ಜೊತೆ ಮೀನು ಹಿಡಿದವನು, ಊರಲ್ಲಿ ತೆಗೆದ ಆ ಸಿನಿಮಾದಲ್ಲೂ ಅವನ ಜೊತೆ ಇದ್ದವನು. ಹಿಂದೆ ನಿಂತಿದ್ದವರು ಹಿಮ ಕೊಡವುವ ನೆಪದಲ್ಲಿ ತಮ್ಮ ಬೂಟು ನೋಡಿಕೊಂಡರು. ಸುಪೀರಿಯರ್ ಸರೋವರದ ಕಡೆಯಿಂದ ಗಾಳಿ ಬೀಸುತ್ತಿತ್ತು.

"ಅಕ್ಕ, ಕೈಗವಸು ಹಾಕ್ಕೊ. ಬೆರಳು ನೀಲಿಗಟ್ತಿದೆ," ತಂಗಿ ಹಿಲ್ಮಾ ಬಾಗಿಲಿನಿಂದ ಹೇಳಿದಳು.

"ನನ್ನ ಬೆರಳು, ನಾನು ನೋಡ್ಕೋತೀನಿ."

"ಬಂದವರನ್ನೆಲ್ಲ ಬೈದರೆ ಆರ್ವೋ ವಾಪಸ್ ಬರ್ತಾನಾ?"

"ಬರಲ್ಲ ಅಂತ ನಿನಗೆ ಗೊತ್ತು, ನನಗೆ ಗೊತ್ತು. ಇವರಿಗೆ ಹೇಳು. ಒಳಗೆ ಹೋಗಿ ನೋಡು, ಅಳೋ ಕಣ್ಣು ಒಂದೂ ಇಲ್ಲ. ಎಲ್ಲರೂ ಅವನ ರೆಪ್ಪೆ ನೋಡ್ತಾ ಕೂತಿದಾರೆ."

*

ಆ ಸಿನಿಮಾ ತೆಗೆದದ್ದು ಐಲಿಯ ಅಡುಗೆಮನೆಯಲ್ಲೇ. ಡೆಟ್ರಾಯ್ಟ್‌ನಿಂದ ಬಂದಿದ್ದ ಹುಡುಗರಿಗೆ ಅಲುಗಾಡದೆ ಮಲಗಬಲ್ಲ ಒಬ್ಬ ಬೇಕಿತ್ತು. ಮನೆಮನೆಯ ನೆಲಮಾಳಿಗೆಗೆ ಇಳಿದು, ಮನೆ ಬಿಸಿಯಿಡುವ ಬಾಯ್ಲರ್ ರಿಪೇರಿ ಮಾಡುತ್ತಿದ್ದ ಆರ್ವೋ ಸಿಕ್ಕಿದ.

ಕತೆ ಇಷ್ಟೇ. ಕೊಡಲಿ ಹಿಡಿದು ಬಂದ ಕೊಲೆಗಾರ ಬಾಗಿಲ ಮುಂದಿನ ಮಂಜುಗಡ್ಡೆಯ ಮೇಲೆ ಜಾರಿ, ಯಾರನ್ನೂ ಕೊಲ್ಲದೆ, ಆರಂಭದಲ್ಲೇ ಸಾಯುತ್ತಾನೆ. ಮನೆಯವರು ಹೆಣವನ್ನು ಅಡುಗೆಮನೆಯ ಮೇಜಿನ ಮೇಲೆ ಮಲಗಿಸಿ ಕಾಯುತ್ತಾರೆ. ಇಂಥ ಚಿತ್ರಗಳಲ್ಲಿ ಸತ್ತ ಕೊಲೆಗಾರ ಕೊನೆಗೊಮ್ಮೆ ಎದ್ದೇ ಏಳುತ್ತಾನೆಂದು ಅವರಿಗೂ ಗೊತ್ತು. "ಈಗ ಏಳ್ತಾನೆ, ನೋಡ್ತಿರು" ಎಂದು ವೈನೋ ಮತ್ತೆ ಮತ್ತೆ ಹೇಳುತ್ತಾನೆ. ಆ ಹೆದರಿಕೆಯಲ್ಲೇ ಒಬ್ಬ ಮೆಟ್ಟಿಲಿನಿಂದ ಉರುಳುತ್ತಾನೆ, ಇನ್ನೊಬ್ಬ ತನ್ನ ಬಂದೂಕಿಗೇ ಬಲಿಯಾಗುತ್ತಾನೆ. ಹೆಣ ಮಾತ್ರ ಏಳುವುದೇ ಇಲ್ಲ.

ಊರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಐಲಿ ಗಂಡನನ್ನು ಕೇಳಿದ್ದಳು, "ಅಷ್ಟು ಹೊತ್ತು ಹೆಣದ ಥರ ಬಿದ್ಕೊಂಡಿದ್ದೆಯಲ್ಲ, ಬೇಜಾರಾಗಲಿಲ್ವಾ?"

"ಇಲ್ಲ ಕಣೆ. ಇಷ್ಟು ವರ್ಷ ಎಲ್ಲರ ನೆಲಮಾಳಿಗೆಗೆ ಇಳಿದು ಹತ್ತಿ ಬಂದೆ. ನನ್ನ ಮುಖಾನ ಯಾರೂ ಇಷ್ಟು ಹೊತ್ತು ನೋಡಿರಲಿಲ್ಲ."

ಆಮೇಲೆ ಅದೇ ಅವನ ಆಟವಾಯಿತು. ಸೌನಾದ ಹಬೆಕೋಣೆಯ ಹಲಗೆಯ ಮೇಲೆ, ಬಾರಿನಲ್ಲಿ, ಒಮ್ಮೆ ಮೈದುನನ ಮದುವೆಯಲ್ಲಿ, ಸತ್ತವನಂತೆ ಬಿದ್ದುಬಿಡುವುದು. ಸುತ್ತ ನಿಂತವರು ಆ ಮಾತನ್ನೇ ಹೇಳುವುದು. ಯಾರು ಕರೆದರೂ ಅವನು ಏಳನು. ಎಬ್ಬಿಸುವ ಉಪಾಯ ಗೊತ್ತಿದ್ದದ್ದು ಐಲಿಗೆ ಮಾತ್ರ. ಹೊರಗೆ ಹೋಗಿ ಹಿಮದೊಳಗೆ ಕೈಯಿಟ್ಟು ಬಂದು, ಅದನ್ನು ಅವನ ಕಾಲರಿನೊಳಗೆ ಇಳಿಸುವಳು.

"ಅಯ್ಯೋ, ರಾಕ್ಷಸೀ!" ಎಂದು ಆರ್ವೋ ನೆಗೆದು ಕೂರುವನು.

*

ಕೊನೆಯ ಹಾಡಿನ ನಡುವೆ ಐಲಿ ಎದ್ದು ಹೊರಗೆ ಹೋದಳು. ತಿರುಗಿ ಬಂದಾಗ ಅವಳ ಬಲಗೈಯಿಂದ ನೀರು ತೊಟ್ಟಿಕ್ಕುತ್ತಿತ್ತು. ವೈನೋ ಹೇಗೋ ಒಳಗೆ ಬಂದು ಹಿಂದಿನ ಬೆಂಚಿನ ಪಕ್ಕ ನಿಂತಿದ್ದ.

"ಬೌಲಿಂಗ್ ಹಾಲ್‌ನಲ್ಲಿ ಅವನು ಬಿದ್ದಾಗ 'ಈಗ ಏಳ್ತಾನೆ' ಅಂತ ಮೊದಲು ಹೇಳಿದ್ದು ಯಾರು?" ಎಂದಳು. ಹಾಡು ಅಲ್ಲಲ್ಲೇ ನಿಂತಿತು.

"ಇಲ್ಲಿ ಬೇಡ, ಐಲಿ."

"ಇಲ್ಲೇ ಬೇಕು."

"ನಾನೇ. ಎಲ್ಲರೂ ನಕ್ಕರು. ಯಾವಾಗಿನ ಹಾಗೇ ಅಂದ್ಕೊಂಡ್ವಿ."

"ಆಮೇಲೆ?"

"ನನ್ನ ಸರದಿ ಇತ್ತು. ಆಡಿ ಬಂದೆ. ಇನ್ನೂ ಮಲಗೇ ಇದ್ದ. ಅವನ ಸರದೀನೂ..." ವೈನೋ ಟೋಪಿಯನ್ನು ಹಿಂಡಿದ. "ಅವನ ಸರದೀನೂ ನಾನೇ ಆಡಿದೆ."

"ಗೆದ್ದೆಯಾ?"

ಯಾರೋ ಕೆಮ್ಮಿದರು.

"ನಿನ್ನನ್ನೇ ಕೇಳ್ತಿರೋದು. ಗೆದ್ದೆಯಾ?"

"ಗೆದ್ವಿ."

"ಒಂದು ಕೈ, ವೈನೋ. ಒಂದೇ ಒಂದು ಕೈ ಅವನ ಕುತ್ತಿಗೆ ಮೇಲೆ ಇಟ್ಟಿದ್ರೆ ಸಾಕಿತ್ತು. ನಲವತ್ತು ಜನ ಇದ್ರಿ."

ಹಿಲ್ಮಾ ಅಕ್ಕನ ತೋಳು ಹಿಡಿಯಲು ಬಂದಳು. ಐಲಿ ಕೊಡವಿಕೊಂಡು ಮುಂದೆ ನಡೆದಳು.

ಅಂತ್ಯಕ್ರಿಯೆ ನಡೆಸುವವನು ಮುಚ್ಚಳಕ್ಕೆ ಕೈ ಹಾಕಿದ್ದ.

"ತಡಿ."

ಅವಳು ಆರ್ವೋನ ಟೈ ಸಡಿಲಿಸಿದಳು. ಅಂಗಿಯ ಮೇಲಿನ ಗುಂಡಿ ಬಿಚ್ಚಿ, ಒದ್ದೆ ಕೈಯನ್ನು ಕಾಲರಿನೊಳಗೆ ಇಳಿಸಿದಳು. ಅವಳ ಕೈಗಿಂತ ಆ ಕುತ್ತಿಗೆಯೇ ತಣ್ಣಗಿತ್ತು.

ಯಾರೂ ನಗಲಿಲ್ಲ. ವೈನೋ ತನಗೇ ತಿಳಿಯದಂತೆ ಒಂದು ಹೆಜ್ಜೆ ಮುಂದೆ ಬಂದ. ಮುಚ್ಚಳ ಹಿಡಿದವನು ಅದನ್ನು ಮತ್ತೆ ಹಿಂದಕ್ಕೆ ಒರಗಿಸಿದ. ಐಲಿ ಕೈ ತೆಗೆಯಲಿಲ್ಲ. ಚರ್ಚಿನ ಬಿಸಿಗೆ ಅವಳ ಬೆರಳುಗಳ ನೀಲಿ ನಿಧಾನವಾಗಿ ಕೆಂಪಾಗುತ್ತಿತ್ತು. ಅವಳು ಅವನ ರೆಪ್ಪೆಗಳನ್ನೇ ನೋಡುತ್ತಿದ್ದಳು.